ಅದಕ್ಕೆ ಶಾಪ ಅನ್ನಬೇಡಿ

ನಮ್ಮ ವಾರ್ಡಿನಲ್ಲಿ ಮಕ್ಕಳಿಗೆ ಹೆಸರಿರುವುದಿಲ್ಲ. ತೊಟ್ಟಿಲಿಗೆ ಅಂಟಿಸುವ ಚೀಟಿಯಲ್ಲಿ ‘ಬೇಬಿ ಆಫ್’ ಅಂತ ಬರೆದು, ಮುಂದೆ ತಾಯಿಯ ಹೆಸರು ಬರೆಯುತ್ತೇವೆ. ಅವಳಿಗಳಾದರೆ ಒಂದು, ಎರಡು ಅಂತ ಸೇರಿಸುತ್ತೇವೆ. ಕಾಲಿಗೆ ಕಟ್ಟುವ ಪಟ್ಟಿಯಲ್ಲೂ ಅಷ್ಟೇ. ಹುಟ್ಟಿದ ಮಗು ಮೊದಲು ಮಾಡಬೇಕಾದ ಕೆಲಸ ಉಸಿರೆಳೆದುಕೊಳ್ಳುವುದು. ಹೆಸರಿಗೆ ಅವಸರವಿಲ್ಲ. ನಮ್ಮಲ್ಲಿ ಹನ್ನೊಂದಕ್ಕೋ ಹನ್ನೆರಡಕ್ಕೋ ನಾಮಕರಣ. ಮುಸ್ಲಿಮರ ಮನೆಯಲ್ಲಿ ಏಳನೇ ದಿನ. ಕೊಂಕಣಿ ಕ್ರೈಸ್ತರು ಇಗರ್ಜಿಗೆ ಕೊಂಡುಹೋಗಿ ಹೆಸರಿಡಿಸುತ್ತಾರೆ. ಮಲಯಾಳಿಗಳಲ್ಲಿ ಹಲವರು ಇಪ್ಪತ್ತೆಂಟರವರೆಗೂ ಕಾಯುತ್ತಾರೆ.

ನಾನು ನರ್ಸ್. ತವರು ಪೆರ್ಲದ ಹತ್ತಿರ, ಗಂಡನ ಮನೆ ಉಪ್ಪಳ, ಕೆಲಸ ಮಂಗಳೂರಿನ ಒಂದು ಆಸ್ಪತ್ರೆಯ ಎನ್‌ಐಸಿಯುವಿನಲ್ಲಿ. ಅಂದರೆ ಆಗಷ್ಟೇ ಹುಟ್ಟಿದ ಮಕ್ಕಳ ಐಸಿಯು. ಪೆರ್ಲ, ಉಪ್ಪಳ ಇರುವ ಕಾಸರಗೋಡು 1956ರ ನವೆಂಬರ್ 1ರಂದು ಕೇರಳಕ್ಕೆ ಸೇರಿತು. ಆದರೆ ದೊಡ್ಡ ಕಾಯಿಲೆ ಬಂದರೆ ನಮ್ಮ ಕಡೆಯವರಲ್ಲಿ ತುಂಬಾ ಜನ ಈಗಲೂ ತಲಪಾಡಿ ದಾಟಿ ಮಂಗಳೂರಿಗೇ ಬರುತ್ತಾರೆ. ವಾರ್ಡಿನ ಹೊರಗಿನ ಬೆಂಚಿನಲ್ಲಿ ಕೂತವರ ಬಾಯಲ್ಲಿ ತುಳು, ಕನ್ನಡ, ಮಲಯಾಳ, ಬ್ಯಾರಿ, ಕೊಂಕಣಿ ಎಲ್ಲ ಕೇಳಿಸುತ್ತದೆ. ಒಂದೇ ಬೆಂಚಿನಲ್ಲಿ ಕೂತ ಅಜ್ಜಿಯಂದಿರು ಬೇರೆ ಬೇರೆ ಭಾಷೆಯಲ್ಲಿ ಮಾತಾಡಿಕೊಂಡು ಒಬ್ಬರಿಗೊಬ್ಬರು ಸಮಾಧಾನ ಹೇಳುವುದನ್ನು ನೋಡಿದ್ದೇನೆ. ಯಾರಿಗೂ ಅರ್ಥವಾಗಲಿಲ್ಲ ಅಂತ ಆಗುವುದಿಲ್ಲ.

ರಾತ್ರಿ ಹಾಲು ಹಿಂಡಿ ಕೊಡಲು ಬರುವ ತಾಯಂದಿರಿಗೆ ನಿದ್ದೆ ಇರುವುದಿಲ್ಲ. ಮಗುವನ್ನು ಎತ್ತಿಕೊಳ್ಳಲೂ ಆಗುವುದಿಲ್ಲ. ಆಗ ಹೆಸರಿನ ಮಾತು ಬರುತ್ತದೆ. “ಸಿಸ್ಟರ್, ಲ ಅಕ್ಷರಕ್ಕೆ ಒಳ್ಳೆ ಹೆಸರು ಎಂತ ಉಂಟು?” ಅಶ್ವಿನಿ ನಕ್ಷತ್ರದ ನಾಲ್ಕನೇ ಪಾದ ಅಂತ ಆಗಲೇ ಗೊತ್ತಾಗುತ್ತದೆ. ಹೀಗೆ ಕೇಳಿ ಕೇಳಿ ನನಗೂ ಹೆಸರುಗಳ ಅರ್ಥ ಹುಡುಕುವ ಅಭ್ಯಾಸವಾಯಿತು. ನಿದ್ದೆಯಲ್ಲಿ ಉಸಿರು ಸಾಲದೆ ಹೋಗುವ ಒಂದು ಕಾಯಿಲೆಗೆ ಶಾಪ ಅನ್ನುವ ಹೆಸರು ಅಂಟಿಕೊಂಡಿದೆ, ಇದನ್ನು ಬರೆಯುತ್ತಿರುವುದು ಅದಕ್ಕೇ.

ನನ್ನ ಅಜ್ಜಿಯ ಕಾಲದಲ್ಲಿ ತುಳುನಾಡಿನ ದುಡಿಯುವವರ ಎಷ್ಟೋ ಮನೆಗಳಲ್ಲಿ ಹುಟ್ಟಿದ ವಾರವೇ ಮಗುವಿನ ಹೆಸರು. ಆದಿತ್ಯವಾರ ಹುಟ್ಟಿದರೆ ಐತ. ಆಮೇಲೆ ಸೋಮ, ಅಂಗಾರ, ಬೂದ, ಗುರುವ. ಶುಕ್ರವಾರದವನು ತುಕ್ರ, ಶನಿವಾರದವನು ತನಿಯ. ಹೆಣ್ಣಾದರೆ ಐತೆ, ತುಕ್ರು, ತನಿಯಾರು. ನಾವು ಕೈಮುಗಿಯುವ ಕೊರಗಜ್ಜ ಕೂಡ ಹುಟ್ಟಿನಲ್ಲಿ ಕೊರಗ ತನಿಯನೇ. ಈ ಹೆಸರುಗಳಲ್ಲಿ ಆಸೆಯೂ ಇಲ್ಲ, ಹರಕೆಯೂ ಇಲ್ಲ. ಈ ಮಗು ಇಂಥ ದಿನ ಭೂಮಿಗೆ ಬಂತು ಅನ್ನುವ ಒಂದು ಗುರುತು ಅಷ್ಟೇ. ನನಗೆ ಅವು ತುಂಬಾ ಇಷ್ಟ. ಈಗ ಯಾರೂ ಇಡುವುದಿಲ್ಲ.

ಈಗಿನ ಹೆಸರುಗಳಲ್ಲಿ ಆಸೆ ಜಾಸ್ತಿ. ಆಯುಷ್, ಜೀವನ್, ಚಿರಂಜೀವಿ. ಆಯಿಷಾ ಅಂದರೆ ಅರಬಿಯಲ್ಲಿ ಬದುಕುವವಳು. ಇದೆಲ್ಲ ಒಂದೇ ಪ್ರಾರ್ಥನೆ ಅಲ್ವಾ? ಮಗು ಬದುಕಲಿ ಅನ್ನುವುದು. ಗಾಳಿಯ ಹೆಸರುಗಳಂತೂ ನಮ್ಮ ಕಡೆ ಎಷ್ಟು ಬೇಕಾದರೂ ಸಿಗುತ್ತವೆ. ಪವನ ಅಂದರೆ ಶುದ್ಧ ಮಾಡುವವನು. ಅನಿಲದಲ್ಲಿರುವ ‘ಅನ್’ ಅನ್ನುವುದು ಉಸಿರಾಡು ಅನ್ನುವ ಅರ್ಥದ ಸಂಸ್ಕೃತ ಧಾತು, ಪ್ರಾಣ ಅನ್ನುವ ಮಾತಿನೊಳಗೂ ಅದೇ ಇದೆ. ಮಾಧ್ವರ ಮನೆಗಳಲ್ಲಿ ಪ್ರಾಣೇಶ ಇದ್ದಾನೆ. ಮಾರುತಿ ಎಲ್ಲ ಕಡೆ ಇದ್ದಾನೆ. ನಸೀಮಾ ಅಂದರೆ ತಂಗಾಳಿ. ನನ್ನ ಜೊತೆ ನರ್ಸಿಂಗ್ ಓದಿದವರಲ್ಲಿ ಇಬ್ಬರು ಸಮೀರಾ ಇದ್ದರು. ಒಬ್ಬಳ ಹೆಸರು ಸಂಸ್ಕೃತದ್ದು, ಗಾಳಿ ಅಂತ ಅರ್ಥ. ಇನ್ನೊಬ್ಬಳದ್ದು ಅರಬಿಯದ್ದು. ರಾತ್ರಿ ಹೊತ್ತು ಜೊತೆ ಕೂತು ಮಾತಾಡುವ ಗೆಳತಿ ಅಂತ ಅದರ ಅರ್ಥ. ಬರೆಯುವುದು, ಕರೆಯುವುದು ಎರಡೂ ಒಂದೇ ಥರ. ಹಾಜರಿ ಪುಸ್ತಕದಲ್ಲಿ ಇನಿಷಿಯಲ್ ನೋಡದೆ ಗೊತ್ತಾಗುತ್ತಿರಲಿಲ್ಲ. ಇಬ್ಬರೂ ಈಗ ಬೇರೆ ಬೇರೆ ಊರಿನಲ್ಲಿ ರಾತ್ರಿ ಡ್ಯೂಟಿ ಮಾಡುತ್ತಾರೆ.

ಈಗ ಉಸಿರಿನ ವಿಷಯ. ಇದನ್ನು ಸ್ವಲ್ಪ ನಿಧಾನವಾಗಿ ಹೇಳಬೇಕು.

ನಾವು ಸುಮ್ನೆ ಕೂತಿದ್ದರೆ ನಿಮಿಷಕ್ಕೆ ಹನ್ನೆರಡರಿಂದ ಇಪ್ಪತ್ತು ಸಲ ಉಸಿರಾಡುತ್ತೇವೆ. ಹುಟ್ಟಿದ ಮಗು ನಲವತ್ತರಿಂದ ಅರವತ್ತು ಸಲ. ನಿದ್ದೆಯಲ್ಲೂ ಇದು ನಡೆಯುತ್ತದೆ, ಯಾರೂ ನೆನಪಿಸಬೇಕಾಗಿಲ್ಲ. ಮೆದುಳಿನ ಬುಡದಲ್ಲಿ, ಕುತ್ತಿಗೆ ಶುರುವಾಗುವ ಜಾಗದಲ್ಲಿ ಇದಕ್ಕೆ ಬೇಕಾದ ನರಕೋಶಗಳಿವೆ. ಒಂದು ಗುಂಪು ತಾಳ ಹಾಕುತ್ತದೆ: ಎಳೆ, ಬಿಡು, ಎಳೆ, ಬಿಡು. ಈ ಗುಂಪಿನ ಕೆಲಸವನ್ನು 1991ರಲ್ಲಿ ಜಾಕ್ ಫೆಲ್ಡ್‌ಮನ್ ಮತ್ತು ಜೆಫ್ರಿ ಸ್ಮಿತ್ ತಂಡ ತೋರಿಸಿಕೊಟ್ಟಿತು. ಅದರ ಹೆಸರು ಪ್ರಿ-ಬೋಟ್ಸಿಂಗರ್ ಕಾಂಪ್ಲೆಕ್ಸ್. ಈ ಬೋಟ್ಸಿಂಗರ್ ಯಾರೋ ವಿಜ್ಞಾನಿ ಇರಬೇಕು ಅಂದುಕೊಳ್ಳುತ್ತೇವೆ. ಅಲ್ಲ. ಜರ್ಮನಿಯಲ್ಲಿ ಒಂದು ಸಮ್ಮೇಳನದ ಊಟದ ಮೇಜಿನ ಮೇಲಿದ್ದ ವೈನ್ ಬಾಟಲಿಯ ಹೆಸರು. ಅಲ್ಲಿ ಮೆದುಳಿನ ಒಂದು ಜಾಗಕ್ಕೆ ಇಟ್ಟ ಹೆಸರು ಪಕ್ಕದ ಈ ಗುಂಪಿಗೂ ಅಂಟಿಕೊಂಡಿತು. ಪ್ರಪಂಚದ ಅಷ್ಟೂ ಜನರ ಉಸಿರಿನ ತಾಳಕ್ಕೆ ಒಂದು ಬಾಟಲಿಯ ಹೆಸರು.

ತಾಳ ಹಾಕಿದರೆ ಮಾತ್ರ ಸಾಲದು. ಎಷ್ಟು ಜೋರಾಗಿ, ಎಷ್ಟು ಬೇಗ ಉಸಿರಾಡಬೇಕು ಅಂತ ಹೇಳುವವರೂ ಬೇಕು. ಆಮ್ಲಜನಕ ಕಡಿಮೆಯಾದಾಗ ಉಸಿರಾಡಬೇಕು ಅನ್ನಿಸುತ್ತದೆ ಅಂತ ನಾವೆಲ್ಲ ತಿಳಿದುಕೊಂಡಿರುತ್ತೇವೆ. ಆದರೆ ಹೊತ್ತುಹೊತ್ತಿಗೆ ಉಸಿರನ್ನು ಹದದಲ್ಲಿಡುವುದು ಮುಖ್ಯವಾಗಿ ಇಂಗಾಲದ ಡೈಆಕ್ಸೈಡ್. ರಕ್ತದಲ್ಲಿ ಅದು ಏರಿದರೆ ಹುಳಿ, ಅಂದರೆ ಆಮ್ಲ, ಹೆಚ್ಚುತ್ತದೆ. ಮೆದುಳಿನ ಬುಡದ ಕೆಳಮೈಯಲ್ಲಿರುವ ಇನ್ನೊಂದು ಪುಟ್ಟ ಗುಂಪು ಆ ಹುಳಿಯನ್ನು ಗುರುತಿಸಿ ‘ಜೋರಾಗಿ ಉಸಿರಾಡು’ ಅಂತ ಸುದ್ದಿ ಕೊಡುತ್ತದೆ. ಇದಕ್ಕೆ ರೆಟ್ರೋಟ್ರೆಪಿಜಾಯ್ಡ್ ನ್ಯೂಕ್ಲಿಯಸ್ ಅನ್ನುತ್ತಾರೆ. ನೀವು ಮೂಗು ಮುಚ್ಚಿ ಹಿಡಿದು ನೋಡಿ. ಸ್ವಲ್ಪ ಹೊತ್ತಿಗೆ ತಡೆಯಲಾಗದ ಒಂದು ಒತ್ತಾಯ ಬರುತ್ತದಲ್ಲ, ಅದಕ್ಕೆ ಹೆಚ್ಚಾಗಿ ಕಾರಣ ಹೀಗೆ ಏರುವ ಇಂಗಾಲದ ಡೈಆಕ್ಸೈಡ್.

ಈ ಗುಂಪಿನ ಕೋಶಗಳು ಹೊಟ್ಟೆಯೊಳಗಿನ ಮಗುವಿನಲ್ಲಿ ಸರಿಯಾಗಿ ತಯಾರಾಗಲು ಒಂದು ಜೀನ್ ಬೇಕು. ಪಿಎಚ್‌ಒಎಕ್ಸ್2ಬಿ ಅಂತ ಬರೆಯುತ್ತಾರೆ, ಫಾಕ್ಸ್-ಟೂ-ಬಿ ಅಂತ ಓದುತ್ತಾರೆ. ನಾಲ್ಕನೇ ಕ್ರೋಮೋಸೋಮಿನ ಗಿಡ್ಡ ತೋಳಿನಲ್ಲಿ ಅದರ ಜಾಗ. ಅದು ತಾನೇ ಉಸಿರಾಡಿಸುವುದಿಲ್ಲ. 314 ಅಮೈನೋ ಆಮ್ಲಗಳ ಒಂದು ಪ್ರೊಟೀನ್ ಹೇಗಿರಬೇಕು ಅನ್ನುವುದು ಅದರಲ್ಲಿ ಬರೆದಿರುತ್ತದೆ. ಆ ಪ್ರೊಟೀನ್ ಡಿಎನ್‌ಎ ಮೇಲೆ ಕೂತು ಬೇರೆ ಜೀನ್‌ಗಳನ್ನು ಕೆಲಸಕ್ಕೆ ಹಚ್ಚುತ್ತದೆ. ಉಸಿರು, ಎದೆಬಡಿತ, ಕರುಳಿನ ಚಲನೆ ಹೀಗೆ ನಾವು ಯೋಚಿಸದೆ ನಡೆಯುವ ಕೆಲಸಗಳ ನರಗಳೆಲ್ಲ ಬೆಳೆಯುವುದು ಇದರ ಮೇಲೆ ನಿಂತಿದೆ.

ಈ ಪ್ರೊಟೀನಿನ ಒಂದು ಕಡೆ ಅಲನೀನ್ ಅನ್ನುವ ಒಂದೇ ಅಮೈನೋ ಆಮ್ಲ ಸಾಲಾಗಿ ಇಪ್ಪತ್ತು ಸಲ ಬರುತ್ತದೆ. ದಾರಕ್ಕೆ ಒಂದೇ ಬಣ್ಣದ ಇಪ್ಪತ್ತು ಮಣಿ ಪೋಣಿಸಿದ ಹಾಗೆ. ಕೆಲವು ಮಕ್ಕಳಲ್ಲಿ ಈ ಮಣಿಗಳು ಜಾಸ್ತಿಯಾಗಿರುತ್ತವೆ. ಇಪ್ಪತ್ತನಾಲ್ಕರಿಂದ ಮೂವತ್ತಮೂರರವರೆಗೆ. ಆಗ ಪ್ರೊಟೀನ್ ಸರಿಯಾಗಿ ಮಡಚಿಕೊಳ್ಳದೆ ಮುದ್ದೆಯಾಗುತ್ತದೆ, ಕೆಲಸ ಕೆಡುತ್ತದೆ. ಅಪ್ಪನಿಂದ ಒಂದು, ಅಮ್ಮನಿಂದ ಒಂದು ಅಂತ ನಮಗೆಲ್ಲ ಎರಡು ಪ್ರತಿ ಇರುತ್ತವಲ್ಲ, ಅದರಲ್ಲಿ ಒಂದು ಕೆಟ್ಟರೂ ಸಾಕು. ಇಂಥ ಮಗು ಎಚ್ಚರವಿದ್ದಾಗ ಸಾಮಾನ್ಯವಾಗಿ ಉಸಿರಾಡುತ್ತದೆ. ನಿದ್ದೆ ಹೋದಾಗ ಉಸಿರು ಮೇಲುಮೇಲಾಗಿ, ಸಾಲದೆ ಹೋಗುತ್ತದೆ. ಇಂಗಾಲದ ಡೈಆಕ್ಸೈಡ್ ಏರುತ್ತಾ ಹೋದರೂ ಸುದ್ದಿ ಕೊಡುವವರಿಲ್ಲ. ಅಲನೀನ್ ಜಾಸ್ತಿಯಾದಷ್ಟೂ ತೊಂದರೆಯೂ ಸಾಮಾನ್ಯವಾಗಿ ಜಾಸ್ತಿ. ಇಪ್ಪತ್ತೈದಿರುವ ಮಕ್ಕಳಲ್ಲಿ ಹಲವರಿಗೆ ರಾತ್ರಿ ಮಾತ್ರ ವೆಂಟಿಲೇಟರ್ ಸಾಕು, ಇಪ್ಪತ್ತೇಳು ಅಥವಾ ಮೇಲಿದ್ದವರಿಗೆ ಹಗಲೂ ಬೇಕಾಗಬಹುದು.

ಪ್ಯಾರಿಸಿನ ವಿಜ್ಞಾನಿಗಳು ಇದನ್ನು ಇಲಿಯಲ್ಲಿ ನೋಡಿದರು. ಏಳು ಅಲನೀನ್ ಹೆಚ್ಚಿಗೆ ಇರುವ ಜೀನನ್ನು ಇಲಿಗಳಿಗೆ ಕೊಟ್ಟಾಗ ಹುಟ್ಟಿದ ಮರಿಗಳು ಇಂಗಾಲದ ಡೈಆಕ್ಸೈಡ್ ಏರಿದರೂ ಉಸಿರು ಹೆಚ್ಚಿಸಲಿಲ್ಲ, ಹುಟ್ಟಿದ ಸ್ವಲ್ಪ ಹೊತ್ತಿಗೇ ಸತ್ತವು. ಮೆದುಳು ನೋಡಿದರೆ ಆ ಪುಟ್ಟ ಗುಂಪಿನ ಕೋಶಗಳೇ ಇರಲಿಲ್ಲ. ಇದು 2008ರಲ್ಲಿ ಪ್ರಕಟವಾಯಿತು.

ಈ ಜೀನಿನ ಹೆಸರಿನ ಅರ್ಥವನ್ನೂ ಹುಡುಕಿದೆ. ಪೂರ್ತಿ ಹೆಸರು ಪೇರ್ಡ್-ಲೈಕ್ ಹೋಮಿಯೋಬಾಕ್ಸ್ 2ಬಿ. ‘ಪೇರ್ಡ್’ ಅನ್ನುವುದು ಬಾಳೆಹಣ್ಣಿನ ಮೇಲೆ ಕೂರುವ ಹಣ್ಣುನೊಣದ ಒಂದು ಜೀನ್. ಕ್ರಿಸ್ಟಿಯಾನೆ ನ್ಯೂಸ್ಲೈನ್-ಫೋಲ್ಹಾರ್ಡ್ ಮತ್ತು ಎರಿಕ್ ವೀಶೌಸ್ ನೊಣದ ಸಾವಿರಾರು ಮರಿಗಳನ್ನು ನೋಡಿ, ಮೈಮೇಲಿನ ಪಟ್ಟಿ ಹೇಗೆ ಕೆಟ್ಟಿದೆಯೋ ಅದಕ್ಕೆ ತಕ್ಕಂತೆ ಜೀನ್‌ಗಳಿಗೆ ಹೆಸರಿಟ್ಟರು. ಇದು 1980ರಲ್ಲಿ ಹೊರಬಂತು, 1995ರಲ್ಲಿ ಅವರಿಗೆ ನೊಬೆಲ್ ಬಂತು. ಆ ಜೀನಿನ ಹೋಲಿಕೆ ಇರುವ ಜೀನ್ ಮನುಷ್ಯನಲ್ಲೂ ಸಿಕ್ಕಿತು, ಅದೇ ಮನೆತನದ ಹೆಸರು ಇದಕ್ಕೂ ಬಂತು. ಹೆಸರಿನಲ್ಲಿ ಉಸಿರಿನ ಸುಳಿವೇ ಇಲ್ಲ. ನಮ್ಮ ಐತ, ತುಕ್ರರ ಹಾಗೆ ಇದೂ ಗುರುತಿನ ಹೆಸರು. ವಾರ, ತಿಂಗಳು ಅಂದಾಗ ನೆನಪಾಯಿತು, ಕೆಲವು ಮನುಷ್ಯ ಜೀನ್‌ಗಳ ಹೆಸರು ಮಾರ್ಚ್1, ಸೆಪ್ಟ್1 ಅಂತ ಇತ್ತು. ಎಕ್ಸೆಲ್‌ನಲ್ಲಿ ಹಾಕಿದ ಕೂಡಲೇ ಅದು ತಾರೀಖು ಅಂದುಕೊಂಡು ಬದಲಾಯಿಸಿಬಿಡುತ್ತಿತ್ತು. ಎಷ್ಟೋ ಸಂಶೋಧನೆಯ ಪಟ್ಟಿಗಳು ಹಾಳಾದವು. ಕೊನೆಗೆ 2020ರ ಹೊತ್ತಿಗೆ ಜೀನ್‌ಗಳಿಗೆ ಹೆಸರು ಒಪ್ಪುವ ಸಮಿತಿಯೇ ಅವುಗಳ ಹೆಸರು ಬದಲಾಯಿಸಿತು.

ಹೆಸರಿನಲ್ಲಿ ಅಕ್ಷರ ಸೇರುವುದು ನಮ್ಮ ಗಡಿಯವರಿಗೆ ಹೊಸತಲ್ಲ. ನನ್ನ ಅಜ್ಜನ ಹೆಸರು ಕೃಷ್ಣ. ಕಾಗದಪತ್ರದಲ್ಲಿ ಮಲಯಾಳದ ರೀತಿಗೆ ಕೃಷ್ಣನ್ ಆಯಿತು. ಅಜ್ಜ ಎರಡಕ್ಕೂ ಓಗೊಡುತ್ತಿದ್ದರು. ಜೀನಿನ ಬರವಣಿಗೆಯಲ್ಲಿ ಹಾಗಾಗುವುದಿಲ್ಲ. ಒಂದು ಅಲನೀನಿಗೆ ಡಿಎನ್‌ಎಯ ಮೂರು ಅಕ್ಷರ. ಆರು ಅಲನೀನ್ ಜಾಸ್ತಿ ಅಂದರೆ ಹದಿನೆಂಟೇ ಅಕ್ಷರ. ಅಷ್ಟಕ್ಕೆ ಒಂದು ಮಗು ನಿದ್ದೆಯಲ್ಲಿ ಉಸಿರು ಕಳೆದುಕೊಳ್ಳುತ್ತದೆ.

ಅಂಥ ಒಂದು ಮಗು ನಮ್ಮ ವಾರ್ಡಿಗೆ ಬಂತು. ಗುರುತು ಸಿಗಬಾರದು ಅಂತ ಊರು, ವರ್ಷ ಹೇಳುವುದಿಲ್ಲ. ಗಡಿಯ ನಮ್ಮ ಕಡೆಯವರೇ. ತಿಂಗಳು ತುಂಬಿ ಹುಟ್ಟಿದ ಗಂಡುಮಗು, ತೂಕ ಚೆನ್ನಾಗಿತ್ತು, ಅಳು ಜೋರಾಗಿತ್ತು. ತಿಂಗಳು ತುಂಬದ ಮಕ್ಕಳು ಉಸಿರು ಮರೆಯುವುದು ನಮಗೆ ದಿನನಿತ್ಯದ ವಿಷಯ. ಇಪ್ಪತ್ತು ಸೆಕೆಂಡು ಉಸಿರು ನಿಂತರೆ ಮಾನಿಟರ್ ಕೂಗುತ್ತದೆ, ನಾವು ಹೋಗಿ ಅಂಗಾಲನ್ನು ಬೆರಳಲ್ಲಿ ತಟ್ಟುತ್ತೇವೆ, ಮಗು ಮತ್ತೆ ಉಸಿರೆಳೆಯುತ್ತದೆ. ಅವರಿಗೆ ಕೆಫೀನ್ ಕೊಡುತ್ತೇವೆ, ಕಾಫಿಯಲ್ಲಿ ಇರುವ ಅದೇ ಕೆಫೀನ್. ಮೆದುಳು ಬಲಿತ ಹಾಗೆ ಅದು ಸರಿಹೋಗುತ್ತದೆ. ಈ ಮಗು ಹಾಗಲ್ಲ.

ಶ್ವಾಸಕೋಶದ ತೊಂದರೆ ಇರುವ ಮಗು ಒದ್ದಾಡುತ್ತದೆ. ಮೂಗಿನ ಹೊಳ್ಳೆ ಅಗಲವಾಗುತ್ತದೆ, ಪಕ್ಕೆಲುಬಿನ ನಡುವಿನ ಚರ್ಮ ಒಳಕ್ಕೆ ಹೋಗುತ್ತದೆ, ನರಳುತ್ತದೆ. ನೋಡಿದ ಕೂಡಲೇ ಗೊತ್ತಾಗುತ್ತದೆ. ಇವನು ಒದ್ದಾಡಲೇ ಇಲ್ಲ. ಹಾಲು ಕುಡಿದು ಆರಾಮಾಗಿ ನಿದ್ದೆ ಹೋಗುತ್ತಿದ್ದ, ಎದೆ ಸ್ವಲ್ಪ ಸ್ವಲ್ಪವೇ ಏಳುತ್ತಿತ್ತು. ರಕ್ತದ ಆಮ್ಲಜನಕ ಅಳೆಯಲು ಪಾದಕ್ಕೆ ಸುತ್ತಿದ ಆಕ್ಸಿಮೀಟರಿನ ಕೆಂಪು ಬೆಳಕು ಹಾಗೇ ಉರಿಯುತ್ತಿತ್ತು. ಸ್ಕ್ರೀನಿನಲ್ಲಿ ನಂಬರ್ ಮಾತ್ರ ಇಳಿಯುತ್ತಿತ್ತು. 95, 90, 84. ತುಟಿ ಕಪ್ಪಾಗುತ್ತಿತ್ತು. ಮುಖದಲ್ಲಿ ಒಂದು ಗೆರೆಯೂ ಬದಲಾಗುತ್ತಿರಲಿಲ್ಲ. ರಕ್ತದ ಇಂಗಾಲದ ಡೈಆಕ್ಸೈಡ್ 35ರಿಂದ 45ರ ಒಳಗಿರಬೇಕು, ಇವನದ್ದು ಅದರ ಎರಡರಷ್ಟಕ್ಕೆ ಹೋಗಿತ್ತು. ಎಬ್ಬಿಸಿದರೆ ಅತ್ತು ಕೆಂಪಾಗುತ್ತಿದ್ದ. ಮತ್ತೆ ನಿದ್ದೆ, ಮತ್ತೆ ಅದೇ ಕಥೆ. ವೆಂಟಿಲೇಟರಿಗೆ ಹಾಕಿದರೆ ಎಲ್ಲ ಸರಿ, ತೆಗೆದರೆ ಆಗುತ್ತಿರಲಿಲ್ಲ. ಎಕ್ಸರೇ ಸರಿ, ಹೃದಯದ ಎಕೋ ಸರಿ, ಮೆದುಳಿನ ಸ್ಕ್ಯಾನ್ ಸರಿ. ನಮ್ಮ ಹಿರಿಯ ಡಾಕ್ಟರಿಗೆ ಅನುಮಾನ ಬಂದು ರಕ್ತವನ್ನು ಜೀನ್ ಪರೀಕ್ಷೆಗೆ ಕಳಿಸಿದರು.

ವರದಿ ಬರಲು ವಾರಗಳೇ ಹಿಡಿದವು. ಈ ಮಧ್ಯೆ ಮನೆಯವರಿಗೆ ಏನು ಹೇಳುವುದು? ಅಜ್ಜಿ ಯಾವುದೋ ಜೋಯಿಸರಲ್ಲಿ ಕೇಳಿಸಿ ಬಂದಿದ್ದರು. ಸರ್ಪದೋಷ ಅಂತ ಬಂದಿತ್ತಂತೆ. ಒಂದು ದಿನ ನನ್ನ ಕೈ ಹಿಡಿದು ಕೇಳಿದರು, “ಇದು ಯಾರ ಶಾಪ ಮಗಾ? ನಮ್ಮ ಕಡೆಯಿಂದ ಬಂದದ್ದಾ, ಅವಳ ಕಡೆಯಿಂದಲಾ?” ‘ಅವಳು’ ಅಂದರೆ ಸೊಸೆ. ಸೊಸೆ ಪಕ್ಕದಲ್ಲೇ ನಿಂತಿದ್ದಳು, ಹಾಲಿನ ಬಟ್ಟಲು ಕೈಯಲ್ಲಿ ಹಿಡಿದುಕೊಂಡು. ಗ್ರಹಣದ ದಿನ ಹೊರಗೆ ಹೋಗಿದ್ದಳಂತೆ, ಅದನ್ನೂ ಲೆಕ್ಕಕ್ಕೆ ಸೇರಿಸಿದ್ದರು.

“ಶಾಪ ಎಂತದ್ದೂ ಅಲ್ಲ ಅಜ್ಜಿ” ಅಂತ ನಾನು ಹೇಳುವಷ್ಟರಲ್ಲಿ ಮಗುವಿನ ಅಪ್ಪ ಮೊಬೈಲ್ ತೋರಿಸಿದರು. ಡಾಕ್ಟರುಗಳು ರೌಂಡ್ಸ್‌ನಲ್ಲಿ ತಮ್ಮತಮ್ಮೊಳಗೆ ಇಂಗ್ಲಿಷಿನಲ್ಲಿ ಮಾತಾಡಿದ್ದು ಅವರಿಗೆ ಕೇಳಿಸಿತ್ತು. ಆ ಮಾತನ್ನು ಹುಡುಕಿದ್ದರು. ‘ಓಂಡೀನ್ಸ್ ಕರ್ಸ್’. ಓಂಡೀನಳ ಶಾಪ. “ಡಾಕ್ಟರೂ ಶಾಪ ಅಂತಲೇ ಹೇಳಿದ್ದಲ್ವಾ ಸಿಸ್ಟರ್?”

ಆ ಸಿಟ್ಟು ನನಗೆ ಈಗಲೂ ಹೋಗಿಲ್ಲ. ಈ ಹೆಸರು ಬಂದದ್ದು ಹೀಗೆ. 1962ರಲ್ಲಿ ಅಮೆರಿಕದ ಜಾನ್ ಸೆವೆರಿಂಗ್‌ಹೌಸ್ ಮತ್ತು ರಾಬರ್ಟ್ ಮಿಚೆಲ್ ಮೂವರು ರೋಗಿಗಳ ಬಗ್ಗೆ ಬರೆದರು. ಕುತ್ತಿಗೆಯ ಮೇಲುಭಾಗ, ಮೆದುಳಿನ ಬುಡದಲ್ಲಿ ಆಪರೇಷನ್ ಆದ ಮೇಲೆ ಅವರು ತಾವಾಗಿ ಉಸಿರಾಡುವುದನ್ನು ಮರೆಯುತ್ತಿದ್ದರು, ಹೇಳಿದರೆ ಉಸಿರಾಡುತ್ತಿದ್ದರು. ಯುರೋಪಿನಲ್ಲಿ ಓಂಡೀನ್ ಅನ್ನುವ ಜಲಕನ್ಯೆಯ ಕಥೆಯೊಂದರಲ್ಲಿ ಮೋಸ ಮಾಡಿದ ಗಂಡ ನಿದ್ದೆ ಹೋದರೆ ಉಸಿರು ಮರೆಯುತ್ತಾನೆ. ಅದರ ಹೆಸರನ್ನು ಇದಕ್ಕೆ ಇಟ್ಟರು. ಹುಟ್ಟಿನಿಂದಲೇ ಹೀಗಿರುವ ಮಗುವಿನ ಬಗ್ಗೆ 1970ರಲ್ಲಿ ರಾಬರ್ಟ್ ಮೆಲಿನ್ಸ್ ಮತ್ತು ಜೊತೆಗಾರರು ಬರೆದರು. ಶಾಪದ ಹೆಸರು ಈ ಮಕ್ಕಳಿಗೂ ಅಂಟಿಕೊಂಡಿತು. 2003ರಲ್ಲಿ ಪ್ಯಾರಿಸಿನಲ್ಲಿ ಝಾನ್ ಅಮಿಯೆಲ್ ತಂಡ ಕಾರಣ ಫಾಕ್ಸ್-ಟೂ-ಬಿ ಅಂತ ತೋರಿಸಿತು. ಈಗ ಇದರ ಸರಿಯಾದ ಹೆಸರು ಕಂಜೆನೈಟಲ್ ಸೆಂಟ್ರಲ್ ಹೈಪೋವೆಂಟಿಲೇಷನ್ ಸಿಂಡ್ರೋಮ್. ಉದ್ದ ಇದೆ, ಇರಲಿ. ಹುಟ್ಟಿನಿಂದ ಬಂದದ್ದು, ಮೆದುಳಿನ ಕಡೆಯದ್ದು, ಉಸಿರಾಟ ಸಾಲದೆ ಬರುವುದು ಅಂತ ಅದರಲ್ಲಿ ಎಲ್ಲ ಇದೆ. ಆದರೂ ಹಳೆ ಹೆಸರು ಬಾಯಿಂದ ಹೋಗುವುದಿಲ್ಲ. ಕಥೆ ಚೆಂದ ಇದೆಯಲ್ಲ, ಪರೀಕ್ಷೆಗೆ ಓದುವವರಿಗೆ ನೆನಪಿರುತ್ತದೆ. ಆದರೆ ಆ ಕಥೆಯಲ್ಲಿ ಗಂಡ ತಪ್ಪು ಮಾಡಿದವನು. ಈ ಮಗು ಏನು ತಪ್ಪು ಮಾಡಿದೆ? ಅದರ ತಾಯಿ ಏನು ಮಾಡಿದ್ದಾಳೆ?

ಶಾಪ ಅನ್ನುವ ಮಾತು ನಮ್ಮ ಊರಿಗೆ ಏನು ಮಾಡಿದೆ ಅಂತ ಗೊತ್ತಿರುವುದರಿಂದ ಇಷ್ಟು ಹೇಳುತ್ತಿದ್ದೇನೆ. ಪೆರ್ಲ ಇರುವುದು ಎಣ್ಮಕಜೆ ಪಂಚಾಯತಿನಲ್ಲಿ. ಅಲ್ಲಿನ ಪಡ್ರೆ, ಸ್ವರ್ಗದ ಕಡೆ ಗೇರು ತೋಟಗಳ ಮೇಲೆ 1970ರ ದಶಕದ ಕೊನೆಯಿಂದ 2000ದವರೆಗೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಅನ್ನುವ ಕೀಟನಾಶಕ ಸಿಂಪಡಿಸುತ್ತಿದ್ದರು. ಮನೆಮನೆಯಲ್ಲಿ ಅಂಗವೈಕಲ್ಯದ, ಬುದ್ಧಿ ಬೆಳೆಯದ ಮಕ್ಕಳು ಕಾಣಿಸಿಕೊಂಡಾಗ ದೈವದ ಕೋಪ, ನಾಗನ ದೋಷ ಅಂತ ಎಷ್ಟೋ ಜನ ತಿಳಿದರು. ತಂಬಿಲ ಕೊಟ್ಟರು, ಹರಕೆ ಹೇಳಿದರು. ಆಗಲೂ ಬೈಸಿಕೊಂಡವರು ತಾಯಂದಿರೇ. ಊರಿನಲ್ಲಿದ್ದ ಡಾಕ್ಟರು, ಪತ್ರಕರ್ತರು, ಹಳ್ಳಿಯ ಜನ ಇದರ ಬಗ್ಗೆ ಬರೆದು, ಕೂಗಿ ಹೇಳಿದ ಮೇಲೆ ಆ ವಿಷದ ಹೆಸರು ಎಲ್ಲರ ಬಾಯಿಗೆ ಬಂತು. ಹೆಸರು ಬಂದ ಮೇಲೆ ಕೋರ್ಟಿಗೆ ಹೋಗಲು ಆಯಿತು. 2011ರಲ್ಲಿ ಸುಪ್ರೀಂ ಕೋರ್ಟ್ ದೇಶದಲ್ಲೇ ಅದನ್ನು ತಡೆಯಿತು, 2017ರಲ್ಲಿ ಸಂತ್ರಸ್ತರಿಗೆ ತಲಾ ಐದು ಲಕ್ಷ ಕೊಡಿ ಅಂತ ಕೇರಳ ಸರಕಾರಕ್ಕೆ ಹೇಳಿತು. ನಾನು ಹೇಳುತ್ತಿರುವ ಉಸಿರಿನ ಕಾಯಿಲೆಗೂ ಎಂಡೋಸಲ್ಫಾನಿಗೂ ಯಾವ ಸಂಬಂಧವೂ ಇಲ್ಲ, ದಯವಿಟ್ಟು ಹಾಗೆ ಓದಿಕೊಳ್ಳಬೇಡಿ. ಶಾಪ ಅಂದರೆ ಮನೆಯೊಳಗೆ ತಪ್ಪಿತಸ್ಥರನ್ನು ಹುಡುಕುತ್ತಾರೆ, ಕಾರಣದ ಹೆಸರು ಗೊತ್ತಾದರೆ ಮಾಡಬೇಕಾದ ಕೆಲಸ ಸಿಗುತ್ತದೆ. ಪೆರ್ಲದವಳಾದ ನನಗೆ ಅದು ಪುಸ್ತಕದಿಂದ ಬಂದ ತಿಳಿವಳಿಕೆ ಅಲ್ಲ.

ವರದಿ ಬಂತು. ಇಪ್ಪತ್ತು, ಇಪ್ಪತ್ತಾರು. ಅಂದರೆ ಒಂದು ಪ್ರತಿ ಸರಿ, ಇನ್ನೊಂದರಲ್ಲಿ ಆರು ಜಾಸ್ತಿ. ಅಪ್ಪ ಅಮ್ಮನ ರಕ್ತವನ್ನೂ ಪರೀಕ್ಷೆ ಮಾಡಿಸಿದರು. ಇಬ್ಬರಲ್ಲೂ ಆ ದೋಷ ಕಾಣಲಿಲ್ಲ. ಹೆಚ್ಚಿನ ಮಕ್ಕಳಲ್ಲಿ ಹೀಗೇ, ಅದು ಹೊಸದಾಗಿ ಆಗುವ ಬದಲಾವಣೆ. ಅಜ್ಜಿಯನ್ನು ಕೂರಿಸಿಕೊಂಡು ನಾನು ತುಳುವಿನಲ್ಲಿ ಹೇಳಿದೆ. ನಿಮ್ಮ ಕಡೆಯಿಂದಲೂ ಅಲ್ಲ, ಅವರ ಕಡೆಯಿಂದಲೂ ಅಲ್ಲ. ಮಗು ಆಗುವ ಹೊತ್ತಿನಲ್ಲಿ ಬರವಣಿಗೆಯಲ್ಲಿ ಆರು ಸಲ ಹೆಚ್ಚಿಗೆ ಬಿದ್ದಿದೆ. ಗ್ರಹಣ, ಊಟ, ಸರ್ಪ ಯಾವುದೂ ಅಲ್ಲ. ಅಜ್ಜಿ ತುಂಬಾ ಹೊತ್ತು ಸುಮ್ಮನಿದ್ದು, “ಹಾಗಾದರೆ ಇವಳದ್ದು ತಪ್ಪಿಲ್ಲ” ಅಂದರು. ಸೊಸೆ ಗೋಡೆ ಕಡೆ ತಿರುಗಿ ಅತ್ತಳು. ನಾನು ಅವಳ ಬೆನ್ನ ಮೇಲೆ ಕೈ ಇಟ್ಟುಕೊಂಡು ನಿಂತೆ.

ಇದಕ್ಕೆ ಗುಣಪಡಿಸುವ ಮದ್ದಿಲ್ಲ. ಆದರೆ ನಿದ್ದೆಯಲ್ಲಿ ಪ್ರತಿದಿನ ವೆಂಟಿಲೇಟರ್ ಸಿಕ್ಕಿದರೆ ಇಂಥ ಮಕ್ಕಳು ಬೆಳೆಯುತ್ತಾರೆ, ಶಾಲೆಗೆ ಹೋಗುತ್ತಾರೆ, ದೊಡ್ಡವರಾಗಿ ಕೆಲಸ ಮಾಡುತ್ತಾರೆ. ಚಿಕ್ಕವರಿದ್ದಾಗ ಗಂಟಲಿಗೆ ತೂತು ಮಾಡಿ ಟ್ಯೂಬ್ ಇಡುವುದು ಹೆಚ್ಚು. ದೊಡ್ಡವರಾದ ಮೇಲೆ ಕೆಲವರು ಮಾಸ್ಕಿಗೆ ಬದಲಾಗುತ್ತಾರೆ. ಕ್ಷಮಿಸಿ, ಹೇಳುವಷ್ಟು ಸುಲಭ ಅಲ್ಲ ಇದು. ಯಂತ್ರಕ್ಕೆ ದುಡ್ಡು ಬೇಕು. ಮಳೆಗಾಲದಲ್ಲಿ ನಮ್ಮ ಕಡೆ ಕರೆಂಟ್ ಹೋದರೆ ಯಾವಾಗ ಬರುತ್ತದೋ ಹೇಳಲಾಗದು, ಹಾಗಾಗಿ ಬ್ಯಾಟರಿ ಬೇಕು, ಇನ್ವರ್ಟರ್ ಬೇಕು. ರಾತ್ರಿ ಯಾರಾದರೂ ಎಚ್ಚರವಿರಬೇಕು. ಅಪ್ಪ, ಅಮ್ಮ, ಅಜ್ಜಿ ಮೂವರಿಗೂ ನಾವು ಟ್ಯೂಬ್ ಶುಚಿ ಮಾಡುವುದು, ಕಫ ಎಳೆಯುವುದು, ಕೈಯಿಂದ ಒತ್ತಿ ಗಾಳಿ ಕೊಡುವ ಅಂಬು ಬ್ಯಾಗ್ ಒತ್ತುವುದು ಎಲ್ಲ ಕಲಿಸಿದೆವು. ಬ್ಯಾಗ್ ಒತ್ತುವ ಹದ ಮೊದಲು ಹಿಡಿದದ್ದು ಅಜ್ಜಿಯೇ. ಜೋರೂ ಇಲ್ಲ, ಮೆಲ್ಲನೂ ಇಲ್ಲ, ಎದೆ ಎಷ್ಟು ಏಳಬೇಕೋ ಅಷ್ಟೇ. ಇಂಗ್ಲಿಷ್ ಬಾರದಿದ್ದರೂ ಆಕ್ಸಿಮೀಟರಿನ ನಂಬರ್ ಓದಲು ಕಲಿತರು.

ಹೆಸರಿನ ಮಾತು ಬಂದದ್ದು ಆಗ. ನಾಮಕರಣ ಮುಂದೆ ಹೋಗಿ ಹೋಗಿ ಬಾಕಿಯಾಗಿತ್ತು. ಅಪ್ಪನಿಗೆ ಪವನ್ ಅಂತ ಇಡುವ ಮನಸ್ಸಿತ್ತು, ವಾಯು ಕಾಯಲಿ ಅಂತ. ತಾಯಿ ಒಪ್ಪಲಿಲ್ಲ. “ಗಾಳಿಯ ಹೆಸರು ಬೇಡ. ದಿನಾ ಕರೆಯುವಾಗ ಅದೇ ನೆನಪಾಗುವುದು ಬೇಡ” ಅಂದಳು. ನನಗೆ ಅವಳ ಮಾತೇ ಸರಿ ಅನ್ನಿಸಿತು. ಮಗುವಿನ ಹೆಸರು ಅವನ ಕಾಯಿಲೆಯ ಚೀಟಿ ಆಗಬಾರದು. ಕೊನೆಗೆ ಇಟ್ಟ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಬೆಳಕಿಗೆ ಸಂಬಂಧಪಟ್ಟದ್ದು. ಅಜ್ಜಿ ವಾರ್ಡಿನ ಬಾಗಿಲಲ್ಲೇ ಅವನ ಕಿವಿಯಲ್ಲಿ ಹೇಳಿದರು, ಮಾನಿಟರಿನ ವಯರು ಸರಿಸಿ ಜಾಗ ಮಾಡಿಕೊಟ್ಟೆವು. ಅವತ್ತೇ ತೊಟ್ಟಿಲಿನ ‘ಬೇಬಿ ಆಫ್’ ಚೀಟಿ ಕಿತ್ತು ಹೊಸದು ಬರೆದೆ.

ಇಂಥ ಕಾಯಿಲೆ ತುಂಬಾ ಅಪರೂಪ. ಹಾಗಾಗಿ ನಿದ್ದೆಯಲ್ಲಿ ಮಗು ಸ್ವಲ್ಪ ನಿಧಾನ ಉಸಿರಾಡಿತು ಅಂತ ಯಾರೂ ಹೆದರಬೇಡಿ. ಎಳೆಮಕ್ಕಳು ಐದು ಹತ್ತು ಸೆಕೆಂಡು ಉಸಿರು ನಿಲ್ಲಿಸಿ ಮತ್ತೆ ಶುರು ಮಾಡುವುದು ಸಾಮಾನ್ಯ. ತುಟಿ, ನಾಲಿಗೆ ನೀಲಿಯಾಗುವುದು, ಎಬ್ಬಿಸಿದರೆ ಸರಿಹೋಗಿ ನಿದ್ದೆ ಹೋದಾಗ ಮತ್ತೆ ಹಾಗೇ ಆಗುವುದು ಕಂಡರೆ ಕಾಯದೆ ಆಸ್ಪತ್ರೆಗೆ ಹೋಗಿ. ಕೆಲವು ಮಕ್ಕಳಿಗೆ ಇದರ ಜೊತೆ ಕರುಳಿನ ನರಗಳೂ ಬೆಳೆದಿರುವುದಿಲ್ಲ, ಹೊಟ್ಟೆ ಉಬ್ಬಿ ಕಕ್ಕಸ್ಸು ಆಗುವುದಿಲ್ಲ. ಮುಂದಿನ ಮಗು ಬೇಕೆನ್ನುವವರು ಮೊದಲೇ ಜೀನ್ ತಜ್ಞರ ಹತ್ತಿರ ಮಾತಾಡಿ. ಹೊಟ್ಟೆಯಲ್ಲಿದ್ದಾಗಲೇ ಪರೀಕ್ಷೆ ಮಾಡಲು ಸಾಧ್ಯ. ರಕ್ತದಲ್ಲಿ ದೋಷ ಕಾಣದ ಅಪ್ಪ ಅಮ್ಮಂದಿರ ವೀರ್ಯಾಣು, ಅಂಡಾಣುಗಳಲ್ಲಿ ಅದು ಅಡಗಿರುವುದೂ ಉಂಟು. ಈ ಕಾಯಿಲೆ ಇರುವ ಮಗುವೇ ದೊಡ್ಡದಾಗಿ ಮಕ್ಕಳನ್ನು ಹೆತ್ತರೆ ಪ್ರತಿ ಮಗುವಿಗೂ ಬರುವ ಸಾಧ್ಯತೆ ಅರ್ಧಕ್ಕರ್ಧ.

ಮನೆಗೆ ಹೋಗುವ ಮೊದಲು ಅವರಿಗೆ ಒಂದು ಕಾರ್ಡ್ ಮಾಡಿಕೊಟ್ಟೆವು. ತುರ್ತು ಬಂದರೆ ಆಂಬುಲೆನ್ಸ್ ಕಾಸರಗೋಡಿಗೂ ಹೋಗಬಹುದು, ಮಂಗಳೂರಿಗೂ ಬರಬಹುದು. ಹಾಗಾಗಿ ಕನ್ನಡ, ಮಲಯಾಳ, ಇಂಗ್ಲಿಷ್ ಮೂರರಲ್ಲೂ ಬರೆಸಿದೆವು. ಮಲಯಾಳದ್ದನ್ನು ನಮ್ಮ ಪಯ್ಯನ್ನೂರಿನ ಸಿಸ್ಟರ್ ಬರೆದುಕೊಟ್ಟರು. ಮೇಲೆ ಮಗುವಿನ ಹೆಸರು, ಅದರ ಕೆಳಗೆ ಜೀನಿನ ಹೆಸರು. ಅಪ್ಪ ಅದಕ್ಕೆ ಪ್ಲಾಸ್ಟಿಕ್ ಹೊದಿಕೆ ಹಾಕಿಸಿ ಮಂಚದ ತಲೆಗೆ ಅಂಟಿಸಿದ್ದಾರೆ. ಇಂಥ ಮಗು ಇರುವ ಬೇರೆ ಮನೆಯವರು ಯಾರಾದರೂ ಓದುತ್ತಿದ್ದರೆ ಉಪಯೋಗವಾಗಲಿ ಅಂತ ಅದರ ಕನ್ನಡ ಇಲ್ಲಿ ಹಾಕುತ್ತೇನೆ. ನಿಮ್ಮ ಡಾಕ್ಟರಿಗೆ ತೋರಿಸಿ, ಬೇಕಾದಂತೆ ತಿದ್ದಿಸಿಕೊಳ್ಳಿ:

“ನನಗೆ ಪಿಎಚ್‌ಒಎಕ್ಸ್2ಬಿ ಜೀನಿನ ತೊಂದರೆ ಇದೆ. ನಿದ್ದೆ ಬಂದಾಗ ನನ್ನ ಉಸಿರಾಟ ಸಾಲುವುದಿಲ್ಲ. ನಾನು ಒದ್ದಾಡುವುದಿಲ್ಲ, ಆರಾಮಾಗಿದ್ದೇನೆ ಅಂತ ಅಂದುಕೊಳ್ಳಬೇಡಿ. ಆಮ್ಲಜನಕ ಮಾತ್ರ ಕೊಟ್ಟರೆ ಸಾಲದು, ಅಂಬು ಬ್ಯಾಗ್ ಅಥವಾ ವೆಂಟಿಲೇಟರ್ ಬೇಕು. ರಕ್ತದ ಇಂಗಾಲದ ಡೈಆಕ್ಸೈಡ್ ನೋಡಿ. ನನ್ನ ಡಾಕ್ಟರನ್ನು ಕೇಳದೆ ನಿದ್ದೆ ಬರುವ ಮದ್ದು ಕೊಡಬೇಡಿ.”